ಗಿನಿ ಪಿಗ್‌ಗೆ ಕಜ್ಜಿ, ಜೊತೆಗೆ ಫಿಟ್ಸ್: ನುಸಿಗೆ ಏನು ಮಾಡಬೇಕು, ಏನು ಮಾಡಬಾರದು

ಪ್ರಶ್ನೆ: ನಾವು ಮೈಸೂರಿನವರು. ಹತ್ತು ವರ್ಷದ ಮಗಳಿಗೆ ಅಂತ ಐದು ತಿಂಗಳ ಹಿಂದೆ ಪೆಟ್ ಶಾಪ್‌ನಿಂದ ಎರಡು ಗಿನಿ ಪಿಗ್ ತಂದೆವು. ಮಿಠಾಯಿ, ಕಡ್ಲೆ ಅಂತ ಹೆಸರು. ಪಕ್ಕದ ಗೂಡಿನಲ್ಲಿ ಮೊದಲಿಂದಲೂ ಒಂದು ಮೊಲ ಇದೆ. ಒಂದು ತಿಂಗಳಿಂದ ಮಿಠಾಯಿ ವಿಪರೀತ ಕೆರೆದುಕೊಳ್ಳುತ್ತಿದೆ. ಭುಜ, ಬೆನ್ನಿನ ಮೇಲೆ ಕೂದಲು ಉದುರಿ, ಚರ್ಮ ದಪ್ಪಗಾಗಿ ಹಳದಿ ಹಕ್ಕಳೆ ಕಟ್ಟಿದೆ. ಕಳೆದ ವಾರ ಎತ್ತಿಕೊಂಡಾಗ ಕೈಯಲ್ಲೇ ಒದ್ದಾಡಿ, ಒಂದು ಕಡೆಗೆ ಉರುಳಿ, ಕಾಲು ಸೆಟೆದುಕೊಂಡಿತು. ಸ್ವಲ್ಪ ಹೊತ್ತಿಗೆ ಎದ್ದಿತು. ಅತ್ತೆ ಹೇಳಿದರು ಅಂತ ಕೊಬ್ಬರಿ ಎಣ್ಣೆಗೆ ಕರ್ಪೂರ ಹಾಕಿ ಹಚ್ಚಿದೆ. ಆಮೇಲೆ ಇನ್ನೂ ಎರಡು ಸಲ ಹಾಗೇ ಆಯಿತು. ಕಡ್ಲೆ ಚೆನ್ನಾಗಿಯೇ ಇದೆ. ಮೊಲ ಮಾತ್ರ ಪದೇ ಪದೇ ಕಿವಿ ಕೊಡವುತ್ತೆ, ಒಳಗೆ ಕಂದು ಬಣ್ಣದ ಏನೋ ಕಟ್ಟಿದೆ. ಮಗಳ ಮುಂಗೈ ಮೇಲೆ ಸಣ್ಣ ಕೆಂಪು ಗುಳ್ಳೆ ಎದ್ದಿವೆ. ಇದು ಕಜ್ಜಿ, ಮನೆಯವರಿಗೆಲ್ಲ ಅಂಟುತ್ತೆ, ಯಾರಿಗಾದರೂ ಕೊಟ್ಟುಬಿಡಿ ಅಂತಾರೆ ಅತ್ತೆ. ಅಂಗಡಿಯವರು ನಾಯಿಗೆ ಹಾಕುವ ಹನಿ ಔಷಧ ಹಾಕಿ ಅಂತಾರೆ. ತಂಗಿ ಮನೆಯಲ್ಲಿ ಕೋವಿಡ್ ಕಾಲದ ಐವರ್‌ಮೆಕ್ಟಿನ್ ಮಾತ್ರೆ ಉಳಿದಿದೆ, ಕಾಲು ಮಾತ್ರೆ ಕೊಡಬಹುದಾ? ನಾನು ಗೂಡು ದಿನಾ ತೊಳೆಯುತ್ತೇನೆ. ಆದರೂ ಇದು ಯಾಕೆ ಬಂತು?

ಉತ್ತರ:

ಮೊದಲು ಅವಸರದ ಮಾತು. ಮಾತ್ರೆ ಕೊಡಬೇಡಿ. ನಾಯಿಯ ಹನಿ ಔಷಧ ಹಾಕಬೇಡಿ. ಕರ್ಪೂರದ ಎಣ್ಣೆ ಇವತ್ತೇ ನಿಲ್ಲಿಸಿ. ಮಿಠಾಯಿಯನ್ನು ನಾಳೆಯೊಳಗೆ ಪಶುವೈದ್ಯರಿಗೆ ತೋರಿಸಿ, ಭಾನುವಾರಕ್ಕೆ ಅಂತ ಮುಂದೂಡಬೇಡಿ. ಉಳಿದದ್ದನ್ನು ನಿಧಾನವಾಗಿ ಓದಬಹುದು.

ನೀವು ಬರೆದ ಲಕ್ಷಣ ನೋಡಿದರೆ ಇದು ಬಹುಪಾಲು ಚರ್ಮದ ನುಸಿಯ ಕಾಟ. ಗಿನಿ ಪಿಗ್‌ಗಳಿಗೇ ಅಂತ ಒಂದು ನುಸಿ ಇದೆ, ಟ್ರಿಕ್ಸಾಕರಸ್ ಕೇವಿಯೆ ಅಂತ. 1972ರಲ್ಲಿ ಇದನ್ನು ಮೊದಲು ಗುರುತಿಸಿ ಹೆಸರಿಟ್ಟರು. ತೆಂಗಿನಕಾಯಿಗೆ ಬರುವ ನುಸಿ ಗೊತ್ತಲ್ವಾ, ಅದರ ದೂರದ ನೆಂಟ ಇದು. ಗಾತ್ರ ಕಾಲು ಮಿಲಿಮೀಟರಿಗಿಂತಲೂ ಕಮ್ಮಿ. ಹಾಗಾಗಿ ಎಷ್ಟೇ ಕಣ್ಣರಳಿಸಿ ನೋಡಿದರೂ ನಿಮಗೆ ಹುಳ ಕಾಣುವುದಿಲ್ಲ. ಕೂದಲಲ್ಲಿ ಓಡಾಡುವ ತೆಳು ಹುಳ ಕಂಡರೆ ಅದು ಹೇನು. ಅದರ ಕಥೆಯೇ ಬೇರೆ, ಅಷ್ಟು ಕಾಟವೂ ಇಲ್ಲ.

ಈ ನುಸಿ ಚರ್ಮದ ಮೇಲೆ ಕೂರುವುದಿಲ್ಲ. ಹೆಗ್ಗಣ ಬಿಲ ತೋಡಿದ ಹಾಗೆ ಮೇಲಿನ ಪದರದೊಳಗೆ ಸುರಂಗ ಕೊರೆಯುತ್ತೆ. ಹೆಣ್ಣು ನುಸಿ ಅಲ್ಲೇ ಮೊಟ್ಟೆ ಇಡುತ್ತೆ. ಮೊಟ್ಟೆಯಿಂದ ದೊಡ್ಡ ನುಸಿ ಆಗುವುದಕ್ಕೆ ಸುಮಾರು ಎರಡು ವಾರ ಸಾಕು. ನುಸಿಯ ಮಲಕ್ಕೆ, ಅದರ ಮೈಯ ಅಂಶಕ್ಕೆ ಚರ್ಮ ಸಿಡಿದೇಳುತ್ತೆ. ಅಲ್ಲಿಂದ ಶುರು ಈ ಭಯಂಕರ ತುರಿಕೆ. ಭುಜ, ಬೆನ್ನು, ತೊಡೆಯ ಒಳಭಾಗದಲ್ಲಿ ಜಾಸ್ತಿ. ಪ್ರಾಣಿ ಕೆರೆದು ಕೆರೆದು ಗಾಯ ಮಾಡಿಕೊಳ್ಳುತ್ತೆ. ಗಾಯಕ್ಕೆ ಬ್ಯಾಕ್ಟೀರಿಯಾ ಸೇರಿ ಹಳದಿ ಹಕ್ಕಳೆ ಕಟ್ಟುತ್ತೆ. ನೀವು ಹೇಳಿದ ದಪ್ಪ ಚರ್ಮ ಒಂದು ತಿಂಗಳ ಕೆರೆತದ ಫಲ.

ಇನ್ನು ಫಿಟ್ಸ್. ನಿಮಗೆ ಹೆಚ್ಚು ಹೆದರಿಕೆ ಹುಟ್ಟಿಸಿದ್ದು ಅದೇ ಅಂತ ಪತ್ರ ಓದಿದಾಗಲೇ ಅನ್ನಿಸಿತು. ಗಿನಿ ಪಿಗ್‌ನಲ್ಲಿ ನುಸಿ ಜೋರಾದಾಗ ಇದು ಆಗುತ್ತೆ. ತುರಿಕೆ ಎಷ್ಟಿರುತ್ತೆ ಅಂದರೆ, ಕೆರೆದುಕೊಳ್ಳುವಾಗಲೋ, ಯಾರಾದರೂ ಬೆನ್ನು ಮುಟ್ಟಿದಾಗಲೋ ಪ್ರಾಣಿ ತತ್ತರಿಸಿ ಬೀಳುತ್ತೆ, ಗಿರಗಿರ ಸುತ್ತುತ್ತೆ, ಕಾಲು ಸೆಟೆಸುತ್ತೆ. ನೋಡಿದವರು ಮಿದುಳಿನ ಕಾಯಿಲೆ ಅಂದುಕೊಳ್ಳುತ್ತಾರೆ. "ಇದು ಇನ್ನು ಬದುಕಲ್ಲ" ಅಂತ ಕೈಬಿಡುವವರೂ ಇದ್ದಾರೆ. ನುಸಿ ಸತ್ತರೆ ಫಿಟ್ಸ್ ಸಾಮಾನ್ಯವಾಗಿ ತಾನಾಗೇ ನಿಲ್ಲುತ್ತೆ. ಹಾಗಂತ ಇದನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಈ ಹಂತ ತಲುಪಿದ ಪ್ರಾಣಿ ಊಟ ಬಿಡುತ್ತೆ, ಸೊರಗುತ್ತೆ, ಚಿಕಿತ್ಸೆ ಇಲ್ಲದಿದ್ದರೆ ಸಾಯುತ್ತೆ. ಚರ್ಮದ ಕಾಯಿಲೆಯಿಂದ ಸಾವಾ ಅಂತ ಕೇಳಬೇಡಿ. ಗಿನಿ ಪಿಗ್‌ನಲ್ಲಿ ಆಗುತ್ತೆ.

ಕರ್ಪೂರದ ವಿಷಯ ಇಲ್ಲೇ ಹೇಳಿಬಿಡುತ್ತೇನೆ. ಮೊದಲ ಸಲ ಬಿದ್ದಿದ್ದು ಎಣ್ಣೆ ಹಚ್ಚುವ ಮುಂಚೆ. ಹಾಗಾಗಿ ಅದಕ್ಕೆ ನುಸಿಯೇ ಕಾರಣ ಇರಬೇಕು, ನಿಮ್ಮ ಅತ್ತೆ ಅಲ್ಲ. ಆದರೆ ಕರ್ಪೂರ ಚರ್ಮದ ಮೂಲಕ ಒಳಗೆ ಇಳಿಯುತ್ತೆ, ಪ್ರಾಣಿ ನೆಕ್ಕಿದರೆ ಹೊಟ್ಟೆಗೂ ಹೋಗುತ್ತೆ. ಅದು ನರಗಳನ್ನು ಕೆರಳಿಸಿ ಫಿಟ್ಸ್ ತರಿಸಬಲ್ಲ ವಸ್ತು. ಮನುಷ್ಯರಲ್ಲಿ, ಅದರಲ್ಲೂ ಚಿಕ್ಕ ಮಕ್ಕಳಲ್ಲೂ ಕರ್ಪೂರ ತಿಂದು ಫಿಟ್ಸ್ ಬರುವುದುಂಟು. ಮುಕ್ಕಾಲು ಕಿಲೋ ತೂಕದ ಪ್ರಾಣಿಗೆ ಎಷ್ಟು ಬೇಕು ಹೇಳಿ? ನಂತರದ ಎರಡು ಸಲ ಬಿದ್ದಿದ್ದರಲ್ಲಿ ಅದರ ಪಾಲೂ ಇರಬಹುದು. ವೈದ್ಯರಿಗೆ ಇದನ್ನು ಮುಚ್ಚಿಡದೆ ಹೇಳಿ. ಬೈಸಿಕೊಳ್ಳಬೇಕಾಗುತ್ತೆ ಅಂತ ಹೆಚ್ಚಿನವರು ಹೇಳುವುದೇ ಇಲ್ಲ. ಆಗ ಪಶುವೈದ್ಯರಾದ ನಾವು ತಪ್ಪು ದಾರಿ ಹಿಡಿಯುವ ಸಾಧ್ಯತೆ ಜಾಸ್ತಿ.

ಫಿಟ್ಸ್ ಬಂದಾಗ ಹಿಡಿದು ಅದುಮಬೇಡಿ, ಬಾಯಿಗೆ ನೀರು ಹಾಕಬೇಡಿ, ಕಬ್ಬಿಣ ಹಿಡಿಸುವುದಂತೂ ಬೇಡವೇ ಬೇಡ. ಮೆತ್ತನೆ ಬಟ್ಟೆಯ ಮೇಲೆ ಬಿಟ್ಟು, ಲೈಟ್ ಆರಿಸಿ, ಸದ್ದು ಮಾಡದೆ ಇರಿ. ಮೊಬೈಲಲ್ಲಿ ಒಂದು ವಿಡಿಯೊ ಮಾಡಿಕೊಂಡರೆ ವೈದ್ಯರಿಗೆ ತುಂಬಾ ಉಪಯೋಗ. ಚಿಕಿತ್ಸೆ ಶುರುವಾಗುವ ತನಕ ಸುಮ್ನೆ ಎತ್ತಿಕೊಳ್ಳುವುದು, ಬೆನ್ನು ಸವರುವುದು ನಿಲ್ಲಿಸಿ. ಹಿಂಗಾಲಿನ ಉಗುರು ಉದ್ದ ಇದ್ದರೆ ಆಸ್ಪತ್ರೆಯಲ್ಲೇ ಕತ್ತರಿಸಿಕೊಡಿ ಅಂತ ಕೇಳಿ. ಗಾಯ ಅರ್ಧ ಕಮ್ಮಿಯಾಗುತ್ತೆ.

ಈಗ "ದಿನಾ ತೊಳೆದರೂ ಯಾಕೆ ಬಂತು" ಅನ್ನುವ ಪ್ರಶ್ನೆ. ಇದರಲ್ಲಿ ನಿಮಗೆ ಸ್ವಲ್ಪ ತಪ್ಪಿತಸ್ಥ ಭಾವನೆ ಇದೆ ಅಂತ ಕಾಣುತ್ತೆ. ಅದು ಬೇಡ. ನುಸಿ ಕೊಳಕಿನಿಂದ ಹುಟ್ಟುವುದಿಲ್ಲ. ಅದು ಒಂದು ಪ್ರಾಣಿಯಿಂದ ಇನ್ನೊಂದಕ್ಕೆ ಮೈ ತಾಗಿ ಬರುತ್ತೆ. ತಾಯಿಯಿಂದ ಮರಿಗೆ ಬರುತ್ತೆ. ಅಂಗಡಿಯಲ್ಲಿ ಒಂದೇ ಗೂಡಿನಲ್ಲಿ ಇಪ್ಪತ್ತು ಮರಿ ತುಂಬಿಟ್ಟಾಗ ಒಂದರಿಂದ ಎಲ್ಲಕ್ಕೂ ಬರುತ್ತೆ. ನಿಮ್ಮ ಮಿಠಾಯಿ ಮತ್ತು ಕಡ್ಲೆ ಬಹುಶಃ ಅಂಗಡಿಯಿಂದಲೇ ಹೊತ್ತು ತಂದಿವೆ. ಆರೋಗ್ಯವಾಗಿರುವ ಪ್ರಾಣಿಯಲ್ಲಿ ಕೆಲವೇ ನುಸಿ ಇದ್ದು, ಏನೂ ತೋರಿಸದೆ ತಿಂಗಳುಗಟ್ಟಲೆ ಸುಮ್ಮನಿರುತ್ತವೆ. ಮೈಯ ಶಕ್ತಿ ಕುಗ್ಗಿದಾಗ ಒಮ್ಮೆಲೇ ಹೆಚ್ಚುತ್ತವೆ. ಹಾಗಾಗಿ ಎಲ್ಲಿಂದ ಬಂತು ಅನ್ನುವುದಕ್ಕಿಂತ ಈಗ ಯಾಕೆ ಎದ್ದಿತು ಅನ್ನುವುದನ್ನು ಹುಡುಕಬೇಕು.

ನನ್ನ ಅನುಭವದಲ್ಲಿ ನಮ್ಮ ಕಡೆ ಮೊದಲು ಕೇಳಬೇಕಾದದ್ದು ಊಟದ ಬಗ್ಗೆ. ಗಿನಿ ಪಿಗ್‌ಗೂ ನಮ್ಮ ಹಾಗೇ ವಿಟಮಿನ್ ಸಿ ಮೈಯಲ್ಲಿ ತಯಾರಾಗುವುದಿಲ್ಲ. ಮೊಲಕ್ಕೆ, ಇಲಿಗೆ, ನಾಯಿಗೆ ಆಗುತ್ತೆ. ಇದಕ್ಕೆ ಆಗಲ್ಲ. ದಿನಾ ಹೊರಗಿನಿಂದ ಸಿಗಲೇಬೇಕು. ಕಿಲೋ ತೂಕಕ್ಕೆ ದಿನಕ್ಕೆ 10ರಿಂದ 30 ಮಿಲಿಗ್ರಾಂ ಅಂತ ಲೆಕ್ಕ. ಕಾಯಿಲೆ, ಬಸಿರು ಇದ್ದರೆ ಮೇಲಿನ ಅಂಕಿಯ ಕಡೆಗೇ ಇರಬೇಕು. ಅಂಗಡಿಗಳು ಮೊಲದ ಫೀಡನ್ನೇ ಗಿನಿ ಪಿಗ್‌ಗೂ ಕೊಡಿ ಅಂತ ಮಾರುತ್ತವೆ. ಅದಕ್ಕೆ ವಿಟಮಿನ್ ಸಿ ಸೇರಿಸಿರುವುದಿಲ್ಲ, ಮೊಲಕ್ಕೆ ಬೇಕಿಲ್ಲವಲ್ಲ. ಸೇರಿಸಿದ ಫೀಡ್ ಆದರೂ ಡಬ್ಬಿಯಲ್ಲಿ ಮೂರು ತಿಂಗಳು ಕೂತರೆ ಅರ್ಧಕ್ಕರ್ಧ ಹೋಗಿರುತ್ತೆ. ಸೌತೆಕಾಯಿ, ಕ್ಯಾರೆಟ್ ಖುಷಿಯಿಂದ ತಿನ್ನುತ್ತವೆ, ಆದರೆ ಅವುಗಳಲ್ಲಿ ಈ ವಿಟಮಿನ್ ತೀರಾ ಕಮ್ಮಿ. ನಿಮ್ಮ ಮನೆಯಲ್ಲಿ ಏನು ಹಾಕುತ್ತೀರಿ ಅಂತ ನೀವು ಬರೆದಿಲ್ಲ. ಫೀಡು, ಸೌತೆಕಾಯಿ, ಕ್ಯಾರೆಟ್ ಇಷ್ಟೇ ಆಗಿದ್ದರೆ ಉತ್ತರ ಅಲ್ಲೇ ಇದೆ.

ಇದಕ್ಕೆ ದುಬಾರಿ ವಿಟಮಿನ್ ಹನಿ ಬೇಕಿಲ್ಲ. ದಿನಕ್ಕೆ ಎರಡು ತುಂಡು ದೊಣ್ಣೆಮೆಣಸಿನಕಾಯಿ, ವಾರಕ್ಕೆ ಕೆಲವು ದಿನ ಹೆಬ್ಬೆರಳಿನಷ್ಟು ಸೀಬೆಹಣ್ಣು, ಒಂದಿಷ್ಟು ಕೊತ್ತಂಬರಿ ಸೊಪ್ಪು. ಇದರ ಜೊತೆ ಹುಲ್ಲು ಹೊಟ್ಟೆ ತುಂಬಾ. ಮೈಸೂರಿನಲ್ಲಿ ಗರಿಕೆಗೇನು ಬರವಾ? ಔಷಧ ಹೊಡೆಯದ, ನಾಯಿ ಓಡಾಡದ ಜಾಗದ್ದು ತಂದು ತೊಳೆದು ಹಾಕಿ. ಕುಡಿಯುವ ನೀರಿಗೆ ವಿಟಮಿನ್ ಹನಿ ಹಾಕುವ ರೂಢಿ ಇದೆ. ನೀರಿನಲ್ಲಿ ಅದು ಬೇಗ ಹಾಳಾಗುತ್ತೆ, ರುಚಿ ಬದಲಾಗಿ ಪ್ರಾಣಿ ನೀರನ್ನೇ ಬಿಡುವುದೂ ಉಂಟು. ಕೊಡುವುದಾದರೆ ನೇರ ಬಾಯಿಗೆ ಕೊಡಿ.

ಊಟ ಬಿಟ್ಟರೆ ಇನ್ನೊಂದು ಕಾರಣ ಬಸಿರು. ನಗಬೇಡಿ. ಅಂಗಡಿಯವರು "ಎರಡೂ ಗಂಡು" ಅಂತ ಕೊಟ್ಟದ್ದರಲ್ಲಿ ಒಂದು ಹೆಣ್ಣಾಗಿರುವುದು ನಾವು ಆಗಾಗ ನೋಡುವ ವಿಷಯ. ಬಸಿರು, ಮರಿಗೆ ಹಾಲೂಡಿಸುವ ಸಮಯದಲ್ಲಿ ನುಸಿ ಏಳುವುದು ಜಾಸ್ತಿ. ಬಸಿರಿದ್ದರೆ ಔಷಧದ ಆಯ್ಕೆಯನ್ನೂ ಯೋಚಿಸಿ ಮಾಡಬೇಕು. ಆಸ್ಪತ್ರೆಗೆ ಹೋದಾಗ ಎರಡರದ್ದೂ ಲಿಂಗ ನೋಡಿಸಿ.

ಪರೀಕ್ಷೆ ಹೇಗೆ ಮಾಡುತ್ತಾರೆ ಅಂತ ಗೊತ್ತಿದ್ದರೆ ನಿಮಗೆ ಗಾಬರಿಯಾಗುವುದಿಲ್ಲ. ಸಣ್ಣ ಬ್ಲೇಡಿನ ಅಂಚಿಗೆ ಒಂದು ಹನಿ ಲಿಕ್ವಿಡ್ ಪ್ಯಾರಾಫಿನ್ ಎಣ್ಣೆ ಹಚ್ಚಿ, ಹಕ್ಕಳೆಯ ಅಂಚಿನಲ್ಲಿ ಚರ್ಮವನ್ನು ಎರಡು ಬೆರಳಿನಿಂದ ಹಿಡಿದು, ರಕ್ತ ಸ್ವಲ್ಪ ಜಿನುಗುವ ತನಕ ಕೆರೆಯುತ್ತೇವೆ. ಗಾಯದ ನಡುಭಾಗದಲ್ಲಿ ಕೆರೆದರೆ ಬರೀ ಸತ್ತ ಚರ್ಮ ಸಿಗುತ್ತೆ, ನುಸಿ ಇರುವುದು ಅಂಚಿನಲ್ಲಿ. ಕೆರೆದದ್ದನ್ನು ಗಾಜಿನ ಮೇಲೆ ಹರಡಿ ಮೈಕ್ರೋಸ್ಕೋಪಿನಲ್ಲಿ ನೋಡಿದರೆ ದುಂಡನೆ ಮೈ, ಮೋಟು ಕಾಲಿನ ನುಸಿ ಎಣ್ಣೆಯಲ್ಲಿ ನಿಧಾನವಾಗಿ ಕಾಲಾಡಿಸುತ್ತಿರುತ್ತೆ. ಪಕ್ಕದಲ್ಲೇ ಮೊಟ್ಟೆಗಳು. ಮಾಲೀಕರಿಗೆ ಒಮ್ಮೆ ಇಣುಕಿ ನೋಡಲು ಹೇಳುತ್ತೇನೆ. ನೋಡಿದ ಮೇಲೆ ಯಾರೂ ಎರಡನೇ ಡೋಸ್ ತಪ್ಪಿಸುವುದಿಲ್ಲ!

ಕೆಲವೊಮ್ಮೆ ಎರಡು ಮೂರು ಕಡೆ ಕೆರೆದರೂ ನುಸಿ ಸಿಗುವುದಿಲ್ಲ. ಕಾಣಲಿಲ್ಲ ಅಂದ ಮಾತ್ರಕ್ಕೆ ಇಲ್ಲ ಅಂತ ಅಲ್ಲ. ಲಕ್ಷಣ ಇಷ್ಟು ಸ್ಪಷ್ಟ ಇದ್ದರೆ ನುಸಿ ಅಂತಲೇ ಔಷಧ ಶುರು ಮಾಡಿ, ತುರಿಕೆ ಇಳಿಯುತ್ತಾ ಅಂತ ನೋಡುತ್ತೇವೆ. ಫಿಟ್ಸ್ ಬರುತ್ತಿರುವ ಪ್ರಾಣಿಯನ್ನು ಅವತ್ತು ಕೆರೆಯದೇ ಇರುವ ವೈದ್ಯರೂ ಇದ್ದಾರೆ. ಅದೂ ಸರಿಯೇ.

ಕೂದಲು ಉದುರಿದ್ದೆಲ್ಲ ನುಸಿ ಅಲ್ಲ ಅನ್ನುವುದೂ ಗೊತ್ತಿರಲಿ. ಮೂಗು, ಕಣ್ಣು, ಕಿವಿಯ ಸುತ್ತ ಶುರುವಾಗಿ, ಹೊಟ್ಟಿನಂತೆ ಏಳುತ್ತಾ, ತುರಿಕೆ ಅಷ್ಟಾಗಿ ಇಲ್ಲದಿದ್ದರೆ ಅದು ಹುಳುಕಡ್ಡಿ ಇರಬಹುದು. ಅದು ಶಿಲೀಂಧ್ರ, ಔಷಧ ಪೂರ್ತಿ ಬೇರೆ. ವಯಸ್ಸಾದ ಹೆಣ್ಣಿನಲ್ಲಿ ಎರಡೂ ಪಕ್ಕೆಯಲ್ಲಿ ಸಮವಾಗಿ ಕೂದಲು ತೆಳುವಾಗಿ, ಚರ್ಮ ನುಣ್ಣಗಿದ್ದರೆ ಅಂಡಾಶಯದಲ್ಲಿ ನೀರುಗಡ್ಡೆ ಇದೆಯಾ ಅಂತ ನೋಡಬೇಕು. ಜೊತೆಗಾರ ಕಚ್ಚಿ ಕೂದಲು ಕತ್ತರಿಸುವುದೂ ಇದೆ. ಅಲ್ಲಿ ಚರ್ಮಕ್ಕೆ ಏನೂ ಆಗಿರುವುದಿಲ್ಲ. ಮಿಠಾಯಿಯಲ್ಲಿ ನುಸಿಯೂ ಹುಳುಕಡ್ಡಿಯೂ ಒಟ್ಟಿಗೆ ಇರುವ ಸಾಧ್ಯತೆಯನ್ನು ನಾನು ಪೂರ್ತಿ ತಳ್ಳಿಹಾಕುವುದಿಲ್ಲ.

ಚಿಕಿತ್ಸೆಗೆ ಬರೋಣ. ಔಷಧ ಅದೇ, ನಿಮ್ಮ ತಂಗಿ ಮನೆಯಲ್ಲಿರುವ ಐವರ್‌ಮೆಕ್ಟಿನ್. ಒಳ್ಳೆಯ ಔಷಧ. ಅದರ ಮೂಲ ಜಪಾನಿನ ಮಣ್ಣಿನಲ್ಲಿ ಸಿಕ್ಕ ಒಂದು ಸೂಕ್ಷ್ಮಜೀವಿ. ಅದನ್ನು ಕಂಡುಹಿಡಿದ ಸತೋಶಿ ಒಮುರಾ ಮತ್ತು ವಿಲಿಯಂ ಕ್ಯಾಂಪ್‌ಬೆಲ್ ಅವರಿಗೆ 2015ರಲ್ಲಿ ನೊಬೆಲ್ ಬಂತು. ಔಷಧದಲ್ಲಿ ದೋಷ ಇಲ್ಲ. ಎಡವಟ್ಟಾಗುವುದು ಅಳತೆಯಲ್ಲಿ.

ಲೆಕ್ಕ ನೋಡಿ. ಗಿನಿ ಪಿಗ್‌ಗೆ ವೈದ್ಯರು ಬಳಸುವ ಪ್ರಮಾಣ ಕಿಲೋಗೆ ಹೆಚ್ಚೂಕಮ್ಮಿ 0.2ರಿಂದ 0.5 ಮಿಲಿಗ್ರಾಂ. ಮಿಠಾಯಿ 800 ಗ್ರಾಂ ಇದೆ ಅಂದುಕೊಳ್ಳಿ. ಬೇಕಾಗುವುದು ಹೆಚ್ಚೆಂದರೆ 0.4 ಮಿಲಿಗ್ರಾಂ. ನಿಮ್ಮಲ್ಲಿರುವ ಮಾತ್ರೆ ಸಾಮಾನ್ಯವಾಗಿ 12 ಮಿಲಿಗ್ರಾಂನದ್ದು. ಅದರ ಕಾಲು ಭಾಗ 3 ಮಿಲಿಗ್ರಾಂ. ಅಂದರೆ ಗರಿಷ್ಠ ಪ್ರಮಾಣದ ಏಳು ಪಟ್ಟಿಗಿಂತ ಜಾಸ್ತಿ. ಪಶು ಔಷಧದ ಅಂಗಡಿಯಲ್ಲಿ ಹಸು, ಕುರಿಗೆ ಅಂತ ಸಿಗುವ ಇಂಜೆಕ್ಷನ್‌ನಲ್ಲಿ ಒಂದು ಮಿಲಿಗೆ 10 ಮಿಲಿಗ್ರಾಂ ಇರುತ್ತೆ. ಅದರಿಂದ ಬೇಕಾಗುವುದು ಒಂದು ಮಿಲಿಯ ನೂರು ಭಾಗದಲ್ಲಿ ಹೆಚ್ಚೆಂದರೆ ನಾಲ್ಕು ಭಾಗ. ಡ್ರಾಪರಿನ ಒಂದು ಹನಿಯೇ ಅದಕ್ಕಿಂತ ಜಾಸ್ತಿ. "ಒಂದು ಹನಿ ಹಾಕಿ ಸಾಕು" ಅಂತ ಹೇಳುವ ಅಂಗಡಿಯವರಿಗೆ ಈ ಲೆಕ್ಕ ಗೊತ್ತಿಲ್ಲ. ನಾವು ಅದನ್ನು ತೆಳುಮಾಡಿ, ಇನ್ಸುಲಿನ್ ಸಿರಿಂಜಿನಲ್ಲಿ ಅಳೆದು ಕೊಡುತ್ತೇವೆ. ಈ ಅಂಕಿಗಳನ್ನು ಬರೆದದ್ದು ಮನೆಯಲ್ಲಿ ಮಾಡಿ ಅಂತಲ್ಲ, ಯಾಕೆ ಮಾಡಬಾರದು ಅಂತ ತೋರಿಸಲು.

ಜಾಸ್ತಿ ಆದರೆ ಏನಾಗುತ್ತೆ? ಪ್ರಾಣಿ ಮಂಕಾಗುತ್ತೆ, ತೂರಾಡುತ್ತೆ, ಜೊಲ್ಲು ಸುರಿಸುತ್ತೆ, ನಡುಗುತ್ತೆ, ಕೊನೆಗೆ ಪ್ರಜ್ಞೆ ತಪ್ಪುತ್ತೆ. ಇದಕ್ಕೆ ಮಾರುಮದ್ದು ಇಲ್ಲ. ಬೆಚ್ಚಗಿಟ್ಟು, ದ್ರವ ಕೊಟ್ಟು, ಇಳಿಯುವ ತನಕ ಕಾಯಬೇಕು ಅಷ್ಟೇ.

ಇಂಜೆಕ್ಷನ್ ಒಂದೇ ಸಲಕ್ಕೆ ಮುಗಿಯುವುದಿಲ್ಲ. ಈ ಔಷಧ ಓಡಾಡುವ ನುಸಿಯನ್ನು ಕೊಲ್ಲುತ್ತೆ, ಮೊಟ್ಟೆಯನ್ನಲ್ಲ. ಮೊಟ್ಟೆ ಒಡೆದು ಮರಿ ಬಂದ ಮೇಲೆ, ಅದು ಬೆಳೆದು ಮತ್ತೆ ಮೊಟ್ಟೆ ಇಡುವ ಮುಂಚೆ ಮುಂದಿನ ಡೋಸ್ ಬೀಳಬೇಕು. ಅದಕ್ಕೇ ಏಳರಿಂದ ಹದಿನಾಲ್ಕು ದಿನಕ್ಕೊಮ್ಮೆ, ಕನಿಷ್ಠ ಎರಡರಿಂದ ಮೂರು ಸಲ. ಮೊದಲ ಇಂಜೆಕ್ಷನ್ ಆದ ಮೇಲೆ ಒಂದೆರಡು ದಿನ ತುರಿಕೆ ಇನ್ನೂ ಜೋರಾಗಬಹುದು. ಸಾಯುವ ನುಸಿಗಳಿಗೆ ಚರ್ಮ ಮತ್ತೆ ಸಿಡುಕುತ್ತೆ. ಒಂದು ವಾರದಲ್ಲಿ ಪ್ರಾಣಿ ಶಾಂತವಾಗುತ್ತೆ, ಮಲಗಿ ನಿದ್ದೆ ಮಾಡುತ್ತೆ. ಹೆಚ್ಚಿನವರು ಎಡವುವುದು ಇಲ್ಲೇ. ಆರಾಮಾಯಿತಲ್ಲ ಅಂತ ಎರಡನೇ ಸಲ ಬರುವುದೇ ಇಲ್ಲ. ಒಂದು ತಿಂಗಳಿಗೆ ಮತ್ತೆ ಅದೇ ಹಾಡು.

ಇನ್ನೊಂದು ಆಯ್ಕೆ ಸೆಲಾಮೆಕ್ಟಿನ್. ಕತ್ತಿನ ಹಿಂದೆ ಚರ್ಮದ ಮೇಲೆ ಹಾಕುವ ಹನಿ. ಸೂಜಿ ಚುಚ್ಚುವುದಿಲ್ಲವಾದ್ದರಿಂದ ಫಿಟ್ಸ್ ಬರುವ ಪ್ರಾಣಿಗೆ ಇದು ಅನುಕೂಲ. ಬೆಲೆ ಜಾಸ್ತಿ, ಎಲ್ಲ ಕಡೆ ಸಿಗುವುದೂ ಇಲ್ಲ. ಇದನ್ನು ತಯಾರಿಸಿದ್ದು ನಾಯಿ, ಬೆಕ್ಕಿಗೆ. ಗಿನಿ ಪಿಗ್‌ಗೆ ವೈದ್ಯರು ತಮ್ಮ ಜವಾಬ್ದಾರಿಯಲ್ಲಿ ತೂಕ ನೋಡಿ ಬಳಸುತ್ತಾರೆ. ಐವರ್‌ಮೆಕ್ಟಿನ್‌ಗೂ ಅದೇ ಮಾತು ಅನ್ವಯಿಸುತ್ತೆ. ಬಾಯಿಯಿಂದ ಕೊಡುವ ಐವರ್‌ಮೆಕ್ಟಿನ್ ಮೇಲೆ ನನಗೆ ಅಷ್ಟು ನಂಬಿಕೆ ಇಲ್ಲ. ಒಂದಕ್ಕೆ ಕೆಲಸ ಮಾಡುತ್ತೆ, ಇನ್ನೊಂದಕ್ಕೆ ಮಾಡುವುದಿಲ್ಲ.

ಅಂಗಡಿಯವರು ಹೇಳಿದ ನಾಯಿಯ ಹನಿ ಯಾವುದು ಅಂತ ನೀವು ಬರೆದಿಲ್ಲ. ನಮ್ಮಲ್ಲಿ ಜಾಸ್ತಿ ಮಾರುವುದು ಫಿಪ್ರೊನಿಲ್ ಇರುವಂಥದ್ದು. ಅದು ಚಿಗಟ, ಉಣ್ಣೆಗೆ ಮಾಡಿದ್ದು, ಚರ್ಮದೊಳಗೆ ಸುರಂಗ ಕೊರೆಯುವ ನುಸಿಗೆ ಅದರ ಮೇಲೆ ಭರವಸೆ ಇಡುವಂತಿಲ್ಲ. ಅದಕ್ಕಿಂತ ಮುಖ್ಯ, ನಿಮ್ಮ ಮನೆಯಲ್ಲಿ ಮೊಲ ಇದೆ. ಫಿಪ್ರೊನಿಲ್ ಹಾಕಿದ ಮೊಲಗಳು ಊಟ ಬಿಟ್ಟು, ಫಿಟ್ಸ್ ಬಂದು ಸತ್ತಿವೆ. ಇದು ಸುಮ್ನೆ ಹೆದರಿಸುವ ಮಾತಲ್ಲ, ಔಷಧದ ಪೆಟ್ಟಿಗೆಯ ಒಳಗಿನ ಚೀಟಿಯಲ್ಲೇ ಮೊಲಕ್ಕೆ ಬಳಸಬಾರದು ಅಂತ ಇರುತ್ತೆ. ಚೀಟಿ ಓದುವವರು ಕಮ್ಮಿ. ದನಕ್ಕೆ, ನಾಯಿಗೆ ನೀರಿನಲ್ಲಿ ಕಲಸಿ ಹಚ್ಚುವ ಅಮಿಟ್ರಾಜ್ ಕೂಡ ಈ ಪುಟ್ಟ ಪ್ರಾಣಿಗಳಿಗೆ ಬೇಡ.

ಹಕ್ಕಳೆಯ ಗಾಯಕ್ಕೆ ಆಂಟಿಬಯೋಟಿಕ್ ಬೇಕಾಗಬಹುದು. ಇಲ್ಲಿ ಒಂದು ಎಚ್ಚರಿಕೆ, ದಯವಿಟ್ಟು ಬರೆದಿಟ್ಟುಕೊಳ್ಳಿ. ಪೆನಿಸಿಲಿನ್, ಅಮೋಕ್ಸಿಸಿಲಿನ್ ಗುಂಪಿನ ಔಷಧವನ್ನು ಗಿನಿ ಪಿಗ್‌ಗೂ ಮೊಲಕ್ಕೂ ಬಾಯಿಯಿಂದ ಕೊಡಬಾರದು. ಅವುಗಳ ಕರುಳಿನಲ್ಲಿರುವ ಒಳ್ಳೆಯ ಬ್ಯಾಕ್ಟೀರಿಯಾ ಸತ್ತು, ಕೆಟ್ಟವು ಹೆಚ್ಚಿ, ಕೆಲವೇ ದಿನದಲ್ಲಿ ಭೇದಿಯಾಗಿ ಸಾಯುತ್ತವೆ. ಮಕ್ಕಳಿಗೆ ಕೊಡುವ ಗುಲಾಬಿ ಸಿರಪ್ ಅಂತ ಉಳಿದದ್ದನ್ನು ಕೊಟ್ಟವರಿದ್ದಾರೆ. ಇವುಗಳಿಗೆ ಹೊಂದುವ ಬೇರೆ ಆಂಟಿಬಯೋಟಿಕ್ ಇವೆ, ವೈದ್ಯರು ಬರೆಯುತ್ತಾರೆ. ನೋವಿಗೂ ಔಷಧ ಕೇಳಿ. ತುರಿಕೆ, ಗಾಯ ಎರಡೂ ಸೇರಿದಾಗ ನೋವು ಇದ್ದೇ ಇರುತ್ತೆ, ಗಿನಿ ಪಿಗ್ ಅದನ್ನು ತೋರಿಸಿಕೊಳ್ಳುವುದಿಲ್ಲ ಅಷ್ಟೇ.

ಬೇವಿನ ಎಣ್ಣೆ, ಹೊಂಗೆ ಎಣ್ಣೆ ಬಗ್ಗೆ ಎಲ್ಲರೂ ಕೇಳುತ್ತಾರೆ. ದನಕರುಗಳ ಕಜ್ಜಿಗೆ ನಮ್ಮ ಹಳ್ಳಿಗಳಲ್ಲಿ ಹಿಂದಿನಿಂದ ಬಳಸುತ್ತಾ ಬಂದಿದ್ದಾರೆ. ನಾನು ಅದನ್ನು ಗೇಲಿ ಮಾಡುವುದಿಲ್ಲ. ಎಣ್ಣೆಯಿಂದ ಹಕ್ಕಳೆ ಮೆತ್ತಗಾಗುತ್ತೆ, ಮೇಲಿನ ಕೆಲವು ನುಸಿ ಸಾಯಲೂಬಹುದು. ಆದರೆ ಹಸುವಿನ ಬೆನ್ನಿಗೆ ಹಚ್ಚಿದ ಎಣ್ಣೆಗೂ, ಮೈಯೆಲ್ಲ ನೆಕ್ಕಿಕೊಳ್ಳುವ ಪುಟ್ಟ ಪ್ರಾಣಿಗೆ ಹಚ್ಚಿದ ಎಣ್ಣೆಗೂ ವ್ಯತ್ಯಾಸ ಇದೆ ಅಲ್ವಾ. ಫಿಟ್ಸ್ ತನಕ ಬಂದ ಕೇಸಿನಲ್ಲಿ ಎಣ್ಣೆ ಹಚ್ಚುತ್ತಾ ಕೂತರೆ ಕಳೆದುಕೊಳ್ಳುವುದು ಸಮಯವನ್ನು. ಸೀಮೆಎಣ್ಣೆ, ಫಿನಾಯಿಲ್ ಹಚ್ಚುವವರ ಬಗ್ಗೆ ನನ್ನಲ್ಲಿ ಮಾತಿಲ್ಲ. ಸ್ನಾನವನ್ನೂ ಈಗ ಮಾಡಿಸಬೇಡಿ. ಫಿಟ್ಸ್ ಇರುವ ಪ್ರಾಣಿಗೆ ಸ್ನಾನದ ಗಾಬರಿಯೇ ಸಾಕು, ಇನ್ನೊಂದು ಸಲ ಬೀಳಲು.

ಕಡ್ಲೆಗೂ ಚಿಕಿತ್ಸೆ ಬೇಕು. ನೋಡಲು ಚೆನ್ನಾಗಿದ್ದರೂ ಅದರ ಮೈಯಲ್ಲಿ ನುಸಿ ಇರುತ್ತೆ. ಮಿಠಾಯಿಗೆ ಮಾತ್ರ ಔಷಧ ಕೊಟ್ಟರೆ ಕಡ್ಲೆಯಿಂದ ಮತ್ತೆ ಬರುತ್ತೆ. ಎರಡಕ್ಕೂ ಒಂದೇ ದಿನ, ಅವುಗಳದ್ದೇ ತೂಕಕ್ಕೆ ತಕ್ಕಂತೆ. ಗೂಡನ್ನು ಪ್ರತಿ ಡೋಸಿನ ದಿನ ಬಿಸಿನೀರಿನಲ್ಲಿ ಉಜ್ಜಿ, ಬಿಸಿಲಿಗೆ ಒಣಗಿಸಿ. ಬಟ್ಟೆಗಳನ್ನು ಕುದಿಯುವ ನೀರಿನಲ್ಲಿ ಹಾಕಿ. ಹಳೇ ಹುಲ್ಲು, ಮರದ ಹೊಟ್ಟು ಎಲ್ಲ ಎಸೆಯಿರಿ. ಮರದ ಪೆಟ್ಟಿಗೆ ಇದ್ದರೆ ಸಂದಿಯಲ್ಲಿ ನುಸಿ ಉಳಿಯುತ್ತೆ, ಚಿಕಿತ್ಸೆ ಮುಗಿಯುವ ತನಕ ರಟ್ಟಿನ ಡಬ್ಬಿ ಇಡಿ, ಕೊಳೆಯಾದಾಗ ಬಿಸಾಡಿ.

ಮೊಲದ ಕಿವಿಯಲ್ಲಿರುವುದು ಬೇರೆ ನುಸಿ, ಸೊರೊಪ್ಟಿಸ್. ಗಿನಿ ಪಿಗ್‌ನಿಂದ ಬಂದದ್ದಲ್ಲ. ಕಿವಿಯೊಳಗೆ ಕಂದು ಹಕ್ಕಳೆ ಪದರ ಪದರವಾಗಿ ಕಟ್ಟುತ್ತೆ. ಅದನ್ನು ನೋಡಿದ ಕೂಡಲೇ ಎಲ್ಲರಿಗೂ ಬಡ್ಸ್ ಹಾಕಿ ತೆಗೆಯಬೇಕು ಅನ್ನಿಸುತ್ತೆ. ಬೇಡ. ಕೆಳಗೆ ಹಸಿ ಗಾಯ ಇರುತ್ತೆ, ಪ್ರಾಣ ಹೋಗುವಂಥ ನೋವಾಗುತ್ತೆ. ನುಸಿ ಸತ್ತರೆ ಹಕ್ಕಳೆ ತಾನಾಗೇ ಒಣಗಿ ಉದುರುತ್ತೆ. ಔಷಧ ಇದಕ್ಕೂ ಐವರ್‌ಮೆಕ್ಟಿನ್ ಅಥವಾ ಸೆಲಾಮೆಕ್ಟಿನ್. ಬಿಟ್ಟರೆ ಒಳಕಿವಿಗೆ ಇಳಿದು ತಲೆ ಒಂದು ಕಡೆಗೆ ವಾಲಬಹುದು. ಈ ನುಸಿ ಮೊಲದ ಮೈಯಿಂದ ಹೊರಗೂ ಮೂರು ವಾರದ ತನಕ ಬದುಕಬಲ್ಲದು, ಹಾಗಾಗಿ ಗೂಡಿನ ಶುಚಿ ಇಲ್ಲಿ ಇನ್ನೂ ಮುಖ್ಯ. ಮೂಗು, ತುಟಿ, ಕಾಲ್ಬೆರಳ ಹತ್ತಿರ ಬೂದಿ ಬಣ್ಣದ ಹಕ್ಕಳೆ ಇದ್ದರೆ ಅದು ಮತ್ತೊಂದು ಜಾತಿ. ಮೊಲ ಸಾಕಣೆ ಮಾಡುವವರಿಗೆ ಚೆನ್ನಾಗಿ ಗೊತ್ತಿರುವ ಕಾಟ. ಬೆನ್ನಿನ ಮೇಲೆ ಬರೀ ಹೊಟ್ಟು ಇದ್ದರೆ ಕಪ್ಪು ಕಾಗದದ ಮೇಲೆ ಬಾಚಿ ನೋಡಿ. ಹೊಟ್ಟು ತಾನೇ ಸರಿದಾಡಿದರೆ ಅದು ಹೊಟ್ಟಲ್ಲ, ನುಸಿ.

ಇಂಗ್ಲೆಂಡ್, ಅಮೆರಿಕದಲ್ಲಿರುವ ನಮ್ಮವರಿಗೆ ಫೆರೆಟ್ (ನೋಡಲು ಮುಂಗುಸಿಯ ಹಾಗಿರುವ ಸಾಕುಪ್ರಾಣಿ) ಬಗ್ಗೆ ಎರಡು ಮಾತು. ಫೆರೆಟ್ ಕಿವಿಯ ಗುಗ್ಗೆ ಸಹಜವಾಗಿಯೇ ಕೆಂಪು ಕಂದು ಬಣ್ಣ. ಬಣ್ಣ ನೋಡಿ ಕಿವಿ ನುಸಿ ಅಂತ ತೀರ್ಮಾನಿಸಬೇಡಿ, ಮೈಕ್ರೋಸ್ಕೋಪಿನಲ್ಲಿ ನೋಡಿಸಿ. ಪಾದ ಊದಿ ಹಕ್ಕಳೆ ಕಟ್ಟಿದರೆ ಕಜ್ಜಿ ನುಸಿ ಇರಬಹುದು. ಬಾಲದಿಂದ ಶುರುವಾಗಿ ಎರಡೂ ಕಡೆ ಸಮವಾಗಿ ಕೂದಲು ಹೋಗುತ್ತಿದ್ದರೆ ಅಡ್ರಿನಲ್ ಗ್ರಂಥಿಯ (ಮೂತ್ರಪಿಂಡದ ಹತ್ತಿರ ಇರುವ ಹಾರ್ಮೋನ್ ಗ್ರಂಥಿ) ಕಾಯಿಲೆ ಇದೆಯಾ ನೋಡಿಸಿ. ಅದರಲ್ಲೂ ತುರಿಕೆ ಇರುತ್ತೆ, ಹಾಗಾಗಿ ಸುಮ್ಮನೆ ನುಸಿ ಔಷಧ ಹಾಕುತ್ತಾ ತಿಂಗಳು ಕಳೆಯುತ್ತಾರೆ.

ಮಗಳ ಕೈಗೆ ಬರೋಣ. ಗಿನಿ ಪಿಗ್‌ನ ನುಸಿ ಎತ್ತಿಕೊಂಡವರ ಮೈಗೆ ಹತ್ತಬಹುದು. ಮುಂಗೈ, ಹೊಟ್ಟೆ, ಅಂದರೆ ಪ್ರಾಣಿಯನ್ನು ಒತ್ತಿ ಹಿಡಿದ ಜಾಗದಲ್ಲಿ ಕೆಂಪು ಗುಳ್ಳೆ ಏಳುತ್ತೆ, ತುರಿಸುತ್ತೆ. ಆದರೆ ಅದು ಮನುಷ್ಯರ ಚರ್ಮದಲ್ಲಿ ಸಂಸಾರ ಹೂಡಲಾರದು. ಪ್ರಾಣಿಗೆ ವಾಸಿಯಾದರೆ ಇದೂ ಕೆಲವು ವಾರಗಳಲ್ಲಿ ಹೋಗುತ್ತೆ. ನಿಮ್ಮ ಅತ್ತೆ ಹೇಳುವ, ಮನೆಮಂದಿಗೆಲ್ಲ ಹರಡುವ ಕಜ್ಜಿ ಬೇರೆ. ಅದು ಮನುಷ್ಯರಿಂದ ಮನುಷ್ಯರಿಗೆ ಬರುತ್ತೆ, ಬೆರಳ ಸಂದಿಯಲ್ಲಿ ಶುರು, ರಾತ್ರಿ ತುರಿಕೆ ಜಾಸ್ತಿ. ಮನೆಯಲ್ಲಿ ಎಲ್ಲರೂ ಕೆರೆದುಕೊಳ್ಳುತ್ತಿದ್ದರೆ ಮಿಠಾಯಿಯನ್ನು ದೂರಬೇಡಿ, ಎಲ್ಲರೂ ಚರ್ಮದ ಡಾಕ್ಟರ ಹತ್ತಿರ ಹೋಗಿ. ಗುಳ್ಳೆ ದುಂಡಗೆ ಉಂಗುರದ ಹಾಗೆ ಅಂಚು ಕಟ್ಟಿದರೆ ಹುಳುಕಡ್ಡಿ, ಅದು ಪ್ರಾಣಿಯಿಂದ ಮಕ್ಕಳಿಗೆ ನಿಜವಾಗಿಯೂ ಹರಡುತ್ತೆ. ಹೇಗೂ ಒಮ್ಮೆ ಮಗಳನ್ನು ತೋರಿಸಿ, ಮನೆಯಲ್ಲಿ ಗಿನಿ ಪಿಗ್ ಇದೆ ಅಂತ ಹೇಳಿ. ಮೆಡಿಕಲ್ ಶಾಪ್‌ನಲ್ಲಿ ಕೇಳಿ ತರುವ ಸ್ಟೀರಾಯ್ಡ್ ಬೆರೆತ ಮುಲಾಮು ಮಾತ್ರ ಹಚ್ಚಬೇಡಿ. ಹುಳುಕಡ್ಡಿ ಆಗಿದ್ದರೆ ಒಳಗೊಳಗೇ ಹರಡುತ್ತೆ.

ಕೊಟ್ಟುಬಿಡಬೇಕಾ? ಈಗಂತೂ ಬೇಡ. ಈ ಸ್ಥಿತಿಯಲ್ಲಿ ಕೊಟ್ಟರೆ ಕಾಯಿಲೆಯನ್ನು ಇನ್ನೊಂದು ಮನೆಗೆ ಸಾಗಿಸಿದ ಹಾಗೆ, ಅವರಿಗೆ ಏನೂ ಗೊತ್ತಿರುವುದಿಲ್ಲ. ಆರು ವಾರ ಕಳೆಯಲಿ. ಅಲ್ಲಿಯ ತನಕ ಮಗಳು ಎತ್ತಿಕೊಳ್ಳುವುದು ಬೇಡ, ನೀವು ಉದ್ದ ತೋಳಿನ ಹಳೇ ಅಂಗಿ ಹಾಕಿಕೊಂಡು ಔಷಧ ಕೊಡಿ, ಆಮೇಲೆ ಕೈ ತೊಳೆದುಕೊಳ್ಳಿ. ಅಷ್ಟು ಸಾಕು.

ಯಾರ ಹತ್ತಿರ ಹೋಗಬೇಕು ಅನ್ನುವುದು ನಿಜವಾದ ತೊಂದರೆ. ನಾಯಿ ಬೆಕ್ಕು ಮಾತ್ರ ನೋಡುವ ಕ್ಲಿನಿಕ್‌ಗಳೇ ಜಾಸ್ತಿ. ಫೋನ್ ಮಾಡಿ "ಗಿನಿ ಪಿಗ್, ಮೊಲ ನೋಡುತ್ತೀರಾ" ಅಂತ ಮೊದಲೇ ಕೇಳಿ. ಸಿಗದಿದ್ದರೆ ಪಶುವೈದ್ಯಕೀಯ ಕಾಲೇಜಿನ ಆಸ್ಪತ್ರೆ ಒಳ್ಳೆಯದು. ಬೆಂಗಳೂರಿನ ಹೆಬ್ಬಾಳ, ಹಾಸನ, ಶಿವಮೊಗ್ಗ, ಬೀದರ್, ಗದಗದಲ್ಲಿ ಕಾಲೇಜುಗಳಿವೆ. ನಿಮಗೆ ಹಾಸನ ಹತ್ತಿರ. ಆದರೆ ಫಿಟ್ಸ್ ಬರುವ ಪ್ರಾಣಿಯನ್ನು ಅಷ್ಟು ದೂರ ಒಯ್ಯುವ ಮುಂಚೆ ಮೈಸೂರಿನಲ್ಲೇ ಹುಡುಕಿ. ಎರಡನ್ನೂ ಒಂದೇ ಬುಟ್ಟಿಯಲ್ಲಿ ಇಟ್ಟು, ಮೇಲೆ ಬಟ್ಟೆ ಮುಚ್ಚಿ, ಒಂದಿಷ್ಟು ಹುಲ್ಲು ಹಾಕಿಕೊಂಡು ಹೋಗಿ. ಮಿಠಾಯಿ ಊಟ ಬಿಟ್ಟಿದ್ದರೆ ಮರೆಯದೆ ಹೇಳಿ. ಇವುಗಳ ಹೊಟ್ಟೆ ಒಂದು ದಿನ ಖಾಲಿ ಇದ್ದರೂ ಕರುಳು ನಿಲ್ಲುತ್ತೆ, ಸಿರಿಂಜಿನಲ್ಲಿ ಊಟ ಕೊಡುವುದನ್ನು ಅಲ್ಲೇ ಕಲಿತುಕೊಳ್ಳಿ. ಅಡುಗೆಮನೆಯ ತಕ್ಕಡಿಯಲ್ಲಿ ದಿನಾ ತೂಗಿ ಬರೆಯಿರಿ. ತೂಕ ಇಳಿಯುತ್ತಿದ್ದರೆ ಮುಂದಿನ ಡೋಸಿನ ತನಕ ಕಾಯದೆ ಹೋಗಬೇಕು.

ಮೂರು ಡೋಸ್ ಆದ ಮೇಲೂ ಕೆರೆತ ಇದ್ದರೆ ಔಷಧ ಸೋತಿತು ಅಂತ ಪ್ರಮಾಣ ಏರಿಸುವುದಲ್ಲ. ಮತ್ತೆ ಕೆರೆದು ನೋಡಬೇಕು, ಹುಳುಕಡ್ಡಿಗೆ ಕೂದಲಿನ ಪರೀಕ್ಷೆ ಮಾಡಿಸಬೇಕು, ಕಡ್ಲೆಗೆ ಸರಿಯಾಗಿ ಡೋಸ್ ಬಿತ್ತಾ ಅಂತ ಕೇಳಬೇಕು. ಎಲ್ಲ ಸರಿ ಹೋದರೆ ಎರಡನೇ ತಿಂಗಳಿಗೆ ಬೆನ್ನಿನ ಮೇಲೆ ಹೊಸ ಕೂದಲು ಬರುತ್ತೆ. ಕಿವಿಯ ಹಿಂದೆ ಮಾತ್ರ ಒಂದೊಂದು ಪುಟ್ಟ ಬೋಳು ಜಾಗ ಹಾಗೇ ಉಳಿಯುತ್ತೆ. ಗಾಬರಿಯಾಗಿ ಮತ್ತೆ ಇಂಜೆಕ್ಷನ್‌ಗೆ ಓಡಬೇಡಿ. ಗಿನಿ ಪಿಗ್‌ಗಳಿಗೆ ಅಲ್ಲಿ ಹುಟ್ಟಿನಿಂದಲೇ ಕೂದಲು ಇರುವುದಿಲ್ಲ, ಕಡ್ಲೆಯ ಕಿವಿ ಹಿಂದೆಯೂ ನೋಡಿ.